ಬ್ರಿಟಿಷರು ಮತ್ತು ಅವರ ಸಾಮ್ರಾಜ್ಯ: ಪದೇ ಪದೇ ಕೇಳುವ ಪ್ರಶ್ನೆಗಳು

ನಮ್ಮ ಪಠ್ಯಪುಸ್ತಕಗಳಲ್ಲಿ ಬ್ರಿಟಿಷರು ಮೊದಲಿನಿಂದಲೂ ಒಂದೇ ಜನಾಂಗ, ಒಂದೇ ಮನಸ್ಸು ಎಂಬಂತೆ ಕಾಣಿಸಿಕೊಳ್ಳುತ್ತಾರೆ. ಆದರೆ 1608ರಲ್ಲಿ ಅವರ ಕಂಪನಿಯ ಮೊದಲ ಹಡಗು ಸೂರತ್ ತೀರಕ್ಕೆ ಬಂದಾಗ ಬ್ರಿಟನ್ ಎಂಬ ಒಂದೇ ರಾಜ್ಯ ಇನ್ನೂ ಹುಟ್ಟಿರಲಿಲ್ಲ. ಆ ರಾಜ್ಯವೂ ಅದರ ಸಾಮ್ರಾಜ್ಯವೂ ಜೊತೆಜೊತೆಯಾಗಿ ಬೆಳೆದವು. ದ್ವೀಪಗಳ ಒಳಗೆ ಯಾರು ಯಾರನ್ನು ಆಳಿದರು ಎಂಬುದನ್ನು ತಿಳಿಯದೆ ಅವರು ಜಗತ್ತನ್ನು ಆಳಿದ ರೀತಿ ಅರ್ಥವಾಗುವುದಿಲ್ಲ ಎಂಬ ನಂಬಿಕೆಯಿಂದ ಈ ಉತ್ತರಗಳನ್ನು ಬರೆಯಲಾಗಿದೆ.

ಇಂಗ್ಲೆಂಡ್, ಗ್ರೇಟ್ ಬ್ರಿಟನ್, ಯುನೈಟೆಡ್ ಕಿಂಗ್‌ಡಮ್: ಮೂರೂ ಒಂದೇ ಅಲ್ಲವೇ?

ಅಲ್ಲ. ಇಂಗ್ಲೆಂಡ್ ಒಂದು ನಾಡು ಮಾತ್ರ. ಇಂಗ್ಲೆಂಡ್, ವೇಲ್ಸ್ ಮತ್ತು ಸ್ಕಾಟ್ಲೆಂಡ್ ಇರುವ ದೊಡ್ಡ ದ್ವೀಪ ಗ್ರೇಟ್ ಬ್ರಿಟನ್. ಇದಕ್ಕೆ ಪಕ್ಕದ ಐರ್ಲೆಂಡ್ ದ್ವೀಪದ ಈಶಾನ್ಯ ಮೂಲೆಯಲ್ಲಿರುವ ಉತ್ತರ ಐರ್ಲೆಂಡನ್ನು ಸೇರಿಸಿದರೆ ಯುನೈಟೆಡ್ ಕಿಂಗ್‌ಡಮ್ ಆಗುತ್ತದೆ. ಮ್ಯಾನ್ ದ್ವೀಪ ಮತ್ತು ಚಾನೆಲ್ ದ್ವೀಪಗಳು ದೊರೆಯ ಅಧೀನದಲ್ಲಿದ್ದರೂ ಈ ರಾಜ್ಯದ ಭಾಗವಲ್ಲ.

ಈ ಜೋಡಣೆಯ ಚರಿತ್ರೆಯನ್ನು ಅವರ ಬಾವುಟದಲ್ಲಿಯೇ ಓದಬಹುದು. ಇಂಗ್ಲೆಂಡಿನ ಸಂತ ಜಾರ್ಜನ ಕೆಂಪು ಶಿಲುಬೆ ಮತ್ತು ಸ್ಕಾಟ್ಲೆಂಡಿನ ಸಂತ ಆಂಡ್ರೂವಿನ ಬಿಳಿಯ ಓರೆ ಶಿಲುಬೆ 1606ರಲ್ಲಿ ಒಂದಾದವು. ಐರ್ಲೆಂಡಿನ ಸಂತ ಪ್ಯಾಟ್ರಿಕನ ಕೆಂಪು ಓರೆ ಶಿಲುಬೆ 1801ರಲ್ಲಿ ಸೇರಿತು. ವೇಲ್ಸಿನ ಗುರುತು ಮಾತ್ರ ಎಲ್ಲಿಯೂ ಇಲ್ಲ, ಏಕೆಂದರೆ ಬಾವುಟ ಹೊಲಿಯುವ ಹೊತ್ತಿಗೆ ವೇಲ್ಸನ್ನು ಇಂಗ್ಲೆಂಡಿನ ಒಳಗೆ ಲೆಕ್ಕ ಹಾಕಿಯಾಗಿತ್ತು.

ಹಾಗಾದರೆ ಈ ದ್ವೀಪಗಳ ಮೂಲ ಜನರು ಯಾರು?

ರೋಮನ್ನರು ಬಂದಾಗ ಅಲ್ಲಿದ್ದವರು ಕೆಲ್ಟಿಕ್ ಭಾಷೆಗಳನ್ನಾಡುವ ಅನೇಕ ಬುಡಕಟ್ಟುಗಳ ಜನ. ಕ್ರಿ.ಶ. 43ರಲ್ಲಿ ಚಕ್ರವರ್ತಿ ಕ್ಲಾಡಿಯಸನ ಸೈನ್ಯ ದ್ವೀಪದ ದಕ್ಷಿಣ ಭಾಗವನ್ನು ಹಿಡಿಯಿತು. 122ರಲ್ಲಿ ಹೇಡ್ರಿಯನ್ ಚಕ್ರವರ್ತಿ ಉತ್ತರದ ಗಡಿಗೆ ಸುಮಾರು 117 ಕಿಲೋಮೀಟರ್ ಉದ್ದದ ಗೋಡೆ ಕಟ್ಟಲು ಆರಂಭಿಸಿದನು. ಮುಂದೆ ಜಗತ್ತನ್ನೇ ಆಳಿದ ನಾಡು ಸುಮಾರು ಮುನ್ನೂರೈವತ್ತು ವರ್ಷ ಇನ್ನೊಂದು ಸಾಮ್ರಾಜ್ಯದ ಅಂಚಿನ ಪ್ರಾಂತ್ಯವಾಗಿತ್ತು ಎಂಬುದನ್ನು ಮರೆಯಬಾರದು.

ಐದನೆಯ ಶತಮಾನದ ಆರಂಭದಲ್ಲಿ ರೋಮನ್ ಆಡಳಿತ ಕೊನೆಗೊಂಡ ಮೇಲೆ ಇಂದಿನ ಜರ್ಮನಿ ಮತ್ತು ಡೆನ್ಮಾರ್ಕ್ ಕಡೆಯಿಂದ ಆಂಗಲ್, ಸ್ಯಾಕ್ಸನ್ ಮತ್ತು ಜೂಟ್ ಜನ ಬಂದು ನೆಲೆಸಿದರು. ಅವರ ನುಡಿಗಳಿಂದ ಇಂಗ್ಲಿಷ್ ಬೆಳೆಯಿತು. ಹಳೆಯ ಬ್ರಿಟನ್ನರ ಭಾಷೆ ಪಶ್ಚಿಮದ ಬೆಟ್ಟಗಳಲ್ಲಿ ವೆಲ್ಷ್ ಆಗಿಯೂ ನೈರುತ್ಯದಲ್ಲಿ ಕಾರ್ನಿಷ್ ಆಗಿಯೂ ಉಳಿಯಿತು. ಬಳಿಕ ವೈಕಿಂಗರು ಬಂದರು. 1066ರಲ್ಲಿ ಫ್ರಾನ್ಸಿನ ನಾರ್ಮಂಡಿಯಿಂದ ಬಂದ ವಿಲಿಯಮನು ಹೇಸ್ಟಿಂಗ್ಸ್ ಕಾಳಗದಲ್ಲಿ ಗೆದ್ದು ಸಿಂಹಾಸನವೇರಿದನು. ಇಪ್ಪತ್ತು ವರ್ಷಗಳ ಬಳಿಕ ಅವನ ಅಧಿಕಾರಿಗಳು ಊರೂರು ತಿರುಗಿ ಯಾರ ಬಳಿ ಎಷ್ಟು ಜಮೀನು, ಎಷ್ಟು ನೇಗಿಲು, ಎಷ್ಟು ಗಿರಣಿ ಇವೆ ಎಂದು ಬರೆದುಕೊಂಡರು. ಆ ಲೆಕ್ಕದ ಪುಸ್ತಕ ಇಂದಿಗೂ ಉಳಿದಿದೆ. ಗೆದ್ದ ನಾಡನ್ನು ಮೊದಲು ಅಳೆದು ಬರೆದುಕೊಳ್ಳಬೇಕೆಂಬ ಆಡಳಿತದ ಪಾಠವನ್ನು ಇಂಗ್ಲೆಂಡು ಸೋತವರ ಜಾಗದಲ್ಲಿ ನಿಂತು ಕಲಿತಿತ್ತು.

ವೇಲ್ಸನ್ನು ಇಂಗ್ಲೆಂಡು ಹೇಗೆ ಒಳಗೆ ಹಾಕಿಕೊಂಡಿತು?

ಯುದ್ಧದಿಂದ. ಮೊದಲನೆಯ ಎಡ್ವರ್ಡ್ ದೊರೆಯ ಕಾಲದಲ್ಲಿ, 1282ರ ಡಿಸೆಂಬರಿನಲ್ಲಿ, ವೇಲ್ಸಿನ ರಾಜಕುಮಾರ ಲ್ಯುವೆಲಿನ್ ಹತನಾದನು. ಮುಂದಿನ ವರ್ಷದೊಳಗೆ ಪ್ರತಿರೋಧ ಮುಗಿಯಿತು. ಜನರನ್ನು ಹದ್ದುಬಸ್ತಿನಲ್ಲಿಡಲು ಕರ್ನಾರ್ವನ್, ಕಾನ್ವಿ ಮುಂತಾದ ಕಡೆ ದೊಡ್ಡ ಕೋಟೆಗಳು ಎದ್ದವು. ಕೋಟೆಯ ನೆರಳಿನ ಪೇಟೆಗಳಿಗೆ ಇಂಗ್ಲಿಷ್ ಕುಟುಂಬಗಳನ್ನು ಕರೆತಂದು ನೆಲೆಗೊಳಿಸಲಾಯಿತು. 1536 ಮತ್ತು 1543ರ ಶಾಸನಗಳು ವೇಲ್ಸನ್ನು ಇಂಗ್ಲೆಂಡಿನ ಕಾನೂನಿನಡಿ ತಂದು ನ್ಯಾಯಾಲಯದ ಭಾಷೆಯನ್ನು ಇಂಗ್ಲಿಷ್ ಮಾಡಿದವು.

ಆದರೂ ವೆಲ್ಷ್ ಭಾಷೆ ಸಾಯಲಿಲ್ಲ. 1588ರಲ್ಲಿ ವಿಲಿಯಂ ಮಾರ್ಗನ್ ಮಾಡಿದ ಬೈಬಲ್ ಅನುವಾದ ಅದಕ್ಕೆ ಗಟ್ಟಿಯಾದ ಬರವಣಿಗೆಯ ರೂಪ ಕೊಟ್ಟಿತು. 19ನೆಯ ಶತಮಾನದಲ್ಲಿ ವೇಲ್ಸಿನ ಹಲವು ಶಾಲೆಗಳಲ್ಲಿ ವೆಲ್ಷ್ ಮಾತನಾಡಿ ಸಿಕ್ಕಿಬಿದ್ದ ಮಗುವಿನ ಕೊರಳಿಗೆ ಒಂದು ಮರದ ತುಂಡನ್ನು ತೂಗುಹಾಕುತ್ತಿದ್ದರು. ಆ ಮಗು ತನ್ನ ಹಾಗೆಯೇ ಮಾತನಾಡಿದ ಇನ್ನೊಬ್ಬ ಮಗುವನ್ನು ಹಿಡಿದುಕೊಟ್ಟರೆ ತುಂಡು ಅದರ ಕೊರಳಿಗೆ ಹೋಗುತ್ತಿತ್ತು. ದಿನದ ಕೊನೆಯಲ್ಲಿ ಅದು ಯಾರ ಕೊರಳಲ್ಲಿ ಇರುತ್ತಿತ್ತೋ ಆ ಮಗುವಿಗೆ ಪೆಟ್ಟು ಬೀಳುತ್ತಿತ್ತು. 2021ರ ಜನಗಣತಿಯ ಪ್ರಕಾರ ಆ ಭಾಷೆಯನ್ನು ಬಲ್ಲವರು ವೇಲ್ಸಿನಲ್ಲಿ ಸುಮಾರು 5.38 ಲಕ್ಷ ಮಂದಿ ಇದ್ದಾರೆ.

ಸ್ಕಾಟ್ಲೆಂಡ್ ತಾನಾಗಿಯೇ ಒಕ್ಕೂಟಕ್ಕೆ ಸೇರಿತೇ?

ಕಾಗದದ ಮೇಲೆ ಹೌದು, ಆದರೆ ಒತ್ತಡ ಕಡಿಮೆಯಿರಲಿಲ್ಲ. ಸ್ಕಾಟ್ಲೆಂಡಿನವರು 1314ರಲ್ಲಿ ಬ್ಯಾನಕ್‌ಬರ್ನ್ ಕಾಳಗದಲ್ಲಿ ಇಂಗ್ಲಿಷ್ ಸೈನ್ಯವನ್ನು ಸೋಲಿಸಿ ತಮ್ಮ ರಾಜ್ಯವನ್ನು ಉಳಿಸಿಕೊಂಡಿದ್ದರು. 1603ರಲ್ಲಿ ಮೊದಲನೆಯ ಎಲಿಜಬೆತ್ ರಾಣಿ ಮಕ್ಕಳಿಲ್ಲದೆ ತೀರಿಕೊಂಡಾಗ ಸ್ಕಾಟ್ಲೆಂಡಿನ ದೊರೆ ಆರನೆಯ ಜೇಮ್ಸನೇ ಇಂಗ್ಲೆಂಡಿನ ಸಿಂಹಾಸನಕ್ಕೂ ಬಂದನು. ದೊರೆ ಒಬ್ಬನಾದರೂ ಎರಡು ಪಾರ್ಲಿಮೆಂಟುಗಳು ಇನ್ನೂ ಒಂದು ನೂರು ವರ್ಷ ಬೇರೆ ಬೇರೆಯಾಗಿಯೇ ನಡೆದವು.

ಒಕ್ಕೂಟದ ದಾರಿ ತೆರೆದದ್ದು ವಸಾಹತಿನ ಆಸೆಯೇ ಎಂಬುದು ಗಮನಿಸಬೇಕಾದ ಸಂಗತಿ. ಇಂಗ್ಲೆಂಡು ಸಮುದ್ರ ವ್ಯಾಪಾರದಿಂದ ಸಿರಿವಂತವಾಗುತ್ತಿರುವುದನ್ನು ಕಂಡ ಸ್ಕಾಟ್ಲೆಂಡಿನವರು ಮಧ್ಯ ಅಮೆರಿಕದ ಡೇರಿಯನ್ ಎಂಬಲ್ಲಿ ತಮ್ಮದೇ ವಸಾಹತು ಕಟ್ಟಲು ಹಣ ಕೂಡಿಸಿದರು. ಜಹಗೀರುದಾರರಿಂದ ಹಿಡಿದು ಸಣ್ಣ ವರ್ತಕರವರೆಗೆ ಜನ ತಮ್ಮ ಉಳಿತಾಯವನ್ನು ಅದಕ್ಕೆ ಸುರಿದರು. 1698ರಲ್ಲಿ ಐದು ಹಡಗುಗಳಲ್ಲಿ ಸುಮಾರು 1200 ಜನ ಹೊರಟರು. ಜ್ವರ, ಹಸಿವು, ಸ್ಪೇನಿನ ದಾಳಿ ಮತ್ತು ಇಂಗ್ಲಿಷ್ ವಸಾಹತುಗಳ ಅಸಹಕಾರದಿಂದ 1700ರ ಹೊತ್ತಿಗೆ ಎಲ್ಲ ಮುಗಿದಿತ್ತು. ಎರಡು ಯಾನಗಳಲ್ಲಿ ಹೋದವರ ಪೈಕಿ ಸುಮಾರು 2000 ಮಂದಿ ಸತ್ತರು. ಬಂಡವಾಳವೆಲ್ಲ ಮುಳುಗಿತು.

ಇದರ ಬೆನ್ನಿಗೆ 1705ರಲ್ಲಿ ಇಂಗ್ಲಿಷ್ ಪಾರ್ಲಿಮೆಂಟು, ಮಾತುಕತೆಗೆ ಬರದಿದ್ದರೆ ಸ್ಕಾಟ್ಲೆಂಡಿನವರನ್ನು ಪರಕೀಯರೆಂದು ಎಣಿಸಿ ಅವರ ಸರಕುಗಳನ್ನು ತಡೆಯುವ ಶಾಸನ ಮಾಡಿತು. 1707ರ ಮೇ 1ರಂದು ಒಕ್ಕೂಟ ಜಾರಿಗೆ ಬಂದಾಗ ಲಂಡನ್ ಖಜಾನೆಯಿಂದ 3,98,085 ಪೌಂಡು ಎಡಿನ್‌ಬರೋಗೆ ಹೋಯಿತು. ಅದರಲ್ಲಿ ದೊಡ್ಡ ಪಾಲು ಡೇರಿಯನ್ ಹೂಡಿಕೆದಾರರ ನಷ್ಟ ತುಂಬಲು ಬಳಕೆಯಾಯಿತು. ಎಡಿನ್‌ಬರೋ ಮತ್ತು ಗ್ಲಾಸ್ಗೋ ಬೀದಿಗಳಲ್ಲಿ ಜನ ಒಕ್ಕೂಟದ ವಿರುದ್ಧ ಗಲಭೆ ಎಬ್ಬಿಸಿದ್ದರು. ಆದರೆ ಮತ ಹಾಕುವ ಅಧಿಕಾರ ಬೀದಿಯವರಿಗೆ ಇರಲಿಲ್ಲ. ಸ್ಕಾಟ್ಲೆಂಡಿನ ಚರ್ಚು, ಕಾನೂನು ಮತ್ತು ಶಿಕ್ಷಣ ಪ್ರತ್ಯೇಕವಾಗಿ ಉಳಿದವು. ಒಕ್ಕೂಟಕ್ಕೆ ಪ್ರತಿಯಾಗಿ ಇಡೀ ಸಾಮ್ರಾಜ್ಯದ ಬಾಗಿಲು ಅಲ್ಲಿನ ಓದಿದ ಬಡ ಯುವಕರಿಗೆ ತೆರೆಯಿತು. ಆ ಬಾಗಿಲಿನಿಂದ ಬಂದ ಹಲವರು ನೇರವಾಗಿ ನಮ್ಮ ನಾಡಿಗೇ ಬಂದರು. ಅವರ ಮಾತು ಮುಂದೆ ಬರುತ್ತದೆ.

ಐರ್ಲೆಂಡ್ ಸಾಮ್ರಾಜ್ಯದ ಪಾಲುದಾರನೋ, ಬಲಿಪಶುವೋ?

ಎರಡೂ. ಆದರೆ ಮೊದಲು ಬಲಿಪಶು. ನಾರ್ಮನ್ ಸರದಾರರು 1169ರಲ್ಲಿ ಕಾಲಿಟ್ಟಾಗಿನಿಂದ ಅಲ್ಲಿ ಇಂಗ್ಲಿಷ್ ಹಿಡಿತ ಬೆಳೆಯುತ್ತ ಬಂದಿತು. 1609ರಿಂದ ಉತ್ತರದ ಅಲ್‌ಸ್ಟರ್ ಪ್ರಾಂತ್ಯದಲ್ಲಿ ಐರಿಷರ ಭೂಮಿಯನ್ನು ಮುಟ್ಟುಗೋಲು ಹಾಕಿಕೊಂಡು ಸ್ಕಾಟ್ಲೆಂಡ್ ಮತ್ತು ಇಂಗ್ಲೆಂಡಿನ ಪ್ರಾಟೆಸ್ಟೆಂಟರಿಗೆ ಹಂಚಲಾಯಿತು. 1649ರಲ್ಲಿ ಇಂಗ್ಲಿಷ್ ಸೇನಾನಿ ಕ್ರಾಮ್‌ವೆಲ್ಲನ ಸೈನ್ಯ ಡ್ರಾಹೆಡಾ ಪಟ್ಟಣದಲ್ಲಿ ಕಾವಲು ಪಡೆಯನ್ನೂ ಅನೇಕ ನಾಗರಿಕರನ್ನೂ ಕೊಂದಿತು. 1641ರಲ್ಲಿ ಐರ್ಲೆಂಡಿನ ಕ್ಯಾಥೊಲಿಕರ, ಎಂದರೆ ಹೆಚ್ಚಿನ ಐರಿಷರ, ಕೈಯಲ್ಲಿ ಸುಮಾರು ಶೇಕಡ 59ರಷ್ಟು ಭೂಮಿ ಇತ್ತು. 1703ರ ಹೊತ್ತಿಗೆ ಉಳಿದದ್ದು ಸುಮಾರು ಶೇಕಡ 14 ಮಾತ್ರ. ಭೂಮಿ ಕಿತ್ತುಕೊಳ್ಳುವುದು, ಪರ ಊರಿನವರನ್ನು ತಂದು ನೆಲೆಗೊಳಿಸುವುದು, ಊರಿನವರ ಧರ್ಮವನ್ನು ಕಾನೂನಿನಿಂದ ಹತ್ತಿಕ್ಕುವುದು, ಇವೆಲ್ಲ ಸಾಗರದಾಚೆಗೆ ಹೋಗುವ ಮೊದಲೇ ಐರ್ಲೆಂಡಿನಲ್ಲಿ ನಡೆದಿದ್ದವು.

1845ರಲ್ಲಿ ಆಲೂಗಡ್ಡೆ ಬೆಳೆಗೆ ರೋಗ ತಗುಲಿತು. ಬಡ ಐರಿಷರ ಹೊಟ್ಟೆಗೆ ಬೇರೆ ಆಧಾರವಿರಲಿಲ್ಲ. 1852ರೊಳಗೆ ಸುಮಾರು 10 ಲಕ್ಷ ಜನ ಹಸಿವು ಮತ್ತು ರೋಗಗಳಿಂದ ಸತ್ತರು. ಅಷ್ಟೇ ಜನ ಊರು ಬಿಟ್ಟರು. ಆ ವರ್ಷಗಳಲ್ಲಿಯೂ ಐರ್ಲೆಂಡಿನ ಬಂದರುಗಳಿಂದ ಧಾನ್ಯ ಮತ್ತು ದನಗಳು ಇಂಗ್ಲೆಂಡಿಗೆ ಹೋಗುತ್ತಲೇ ಇದ್ದವು. 1841ರಲ್ಲಿ ಆ ದ್ವೀಪದಲ್ಲಿ ಸುಮಾರು 82 ಲಕ್ಷ ಜನರಿದ್ದರು. ಇಂದಿಗೂ ಅಲ್ಲಿ ಅಷ್ಟು ಜನರಿಲ್ಲ.

ಲಂಡನ್ನಿನ ಖಜಾನೆಯಲ್ಲಿ ಕುಳಿತು ಈ ಪರಿಹಾರ ಕಾರ್ಯದ ಹಗ್ಗ ಹಿಡಿದಿದ್ದವನು ಚಾರ್ಲ್ಸ್ ಟ್ರೆವೆಲಿಯನ್. ಅವನು ಈಸ್ಟ್ ಇಂಡಿಯಾ ಕಂಪನಿಯ ಹೇಲಿಬರಿ ಕಾಲೇಜಿನಲ್ಲಿ ಓದಿ ಭಾರತದಲ್ಲಿ ಅಧಿಕಾರಿಯಾಗಿದ್ದವನು. ಐರ್ಲೆಂಡಿನ ಬಳಿಕ 1859ರಲ್ಲಿ ಮದರಾಸಿನ ಗವರ್ನರನಾಗಿಯೂ ಬಂದನು. ಮಾರುಕಟ್ಟೆಯ ವಹಿವಾಟಿಗೆ ಸರ್ಕಾರ ಕೈಹಾಕಬಾರದು, ಪುಕ್ಕಟೆ ಅನ್ನ ಜನರನ್ನು ಸೋಮಾರಿಗಳನ್ನಾಗಿ ಮಾಡುತ್ತದೆ ಎಂಬ ಅದೇ ತತ್ವ ಮೂವತ್ತು ವರ್ಷಗಳ ಬಳಿಕ ನಮ್ಮ ಕಡೆಯ ಬರಗಾಲಕ್ಕೂ ಅನ್ವಯವಾಯಿತು. ಹಳೆಯ ತಲೆಮಾರಿನವರು ಧಾತು, ಈಶ್ವರ ಸಂವತ್ಸರಗಳ ಬರವೆಂದು ಕರೆಯುತ್ತಿದ್ದ 1876ರಿಂದ 78ರ ಕ್ಷಾಮದಲ್ಲಿ ಸರ್ಕಾರದ ಪ್ರತಿನಿಧಿಯಾಗಿ ಬಂದ ರಿಚರ್ಡ್ ಟೆಂಪಲ್, ಮೈಮುರಿದು ದುಡಿಯುವ ಗಂಡಸಿಗೆ ದಿನಕ್ಕೆ ಒಂದು ಪೌಂಡು, ಎಂದರೆ ಅರ್ಧ ಕಿಲೋಗಿಂತ ಕಡಿಮೆ ಧಾನ್ಯ ಮತ್ತು ಸ್ವಲ್ಪ ಕಾಸು ಸಾಕೆಂದು ನಿಗದಿ ಮಾಡಿದನು. ಇದೇ ಟೆಂಪಲ್ ಕೆಲವೇ ವರ್ಷಗಳ ಹಿಂದೆ ಬಿಹಾರದ ಬರದಲ್ಲಿ ಬರ್ಮಾದಿಂದ ಅಕ್ಕಿ ತರಿಸಿ ಬಹುತೇಕ ಎಲ್ಲರನ್ನೂ ಉಳಿಸಿದ್ದನು ಮತ್ತು ದುಂದುವೆಚ್ಚ ಮಾಡಿದನೆಂದು ಬೈಸಿಕೊಂಡಿದ್ದನು. ಆದ್ದರಿಂದ ಉಳಿಸುವ ದಾರಿ ಅವರಿಗೆ ಗೊತ್ತಿರಲಿಲ್ಲ ಎಂದು ಯಾರೂ ಹೇಳುವಂತಿಲ್ಲ. ಮೈಸೂರು ಮತ್ತು ಮದರಾಸು ಸೀಮೆಗಳಲ್ಲಿ ಜನ ಸಾಯುತ್ತಿದ್ದಾಗಲೇ, 1877ರ ಜನವರಿ 1ರಂದು, ದೆಹಲಿಯಲ್ಲಿ ವಿಕ್ಟೋರಿಯಾಳನ್ನು ಚಕ್ರವರ್ತಿನಿಯೆಂದು ಸಾರುವ ದರ್ಬಾರು ನಡೆಯಿತು.

ಐರಿಷರು ಭಾರತದಲ್ಲಿ ಬ್ರಿಟಿಷರ ಪರವಾಗಿ ದುಡಿಯಲಿಲ್ಲವೇ?

ದುಡಿದರು, ದೊಡ್ಡ ಸಂಖ್ಯೆಯಲ್ಲಿ. 19ನೆಯ ಶತಮಾನದ ಎರಡನೆಯ ಕಾಲು ಭಾಗದಲ್ಲಿ ಕಂಪನಿಯ ಬಂಗಾಳ ಸೇನೆಗೆ ಸೇರಿದ ಯುರೋಪಿಯನ್ ಸಿಪಾಯಿಗಳಲ್ಲಿ ಸುಮಾರು ಅರ್ಧದಷ್ಟು ಐರಿಷರು. ಊರಿನಲ್ಲಿ ಹೊಟ್ಟೆಗಿಲ್ಲದವನಿಗೆ ಸೈನ್ಯವೇ ಅನ್ನದ ದಾರಿಯಾಗಿತ್ತು. ಜಲಿಯನ್‌ವಾಲಾ ಬಾಗ್ ಹತ್ಯಾಕಾಂಡದ ಕಾಲದಲ್ಲಿ ಪಂಜಾಬನ್ನು ಆಳುತ್ತಿದ್ದ ಮೈಕೇಲ್ ಓಡ್ವಯರ್ ಐರ್ಲೆಂಡಿನ ಟಿಪ್ಪರರಿ ಸೀಮೆಯವನು. ಆ ಹತ್ಯಾಕಾಂಡದ ಮರುವರ್ಷವೇ, 1920ರ ಜೂನ್ ತಿಂಗಳಲ್ಲಿ, ಅದೇ ಪಂಜಾಬಿನ ಜಲಂಧರದಲ್ಲಿದ್ದ ಕನಾಟ್ ರೇಂಜರ್ಸ್ ಪಡೆಯ ಐರಿಷ್ ಸೈನಿಕರು ತಮ್ಮ ಊರುಗಳಲ್ಲಿ ಬ್ರಿಟಿಷ್ ಪಡೆಗಳು ನಡೆಸುತ್ತಿದ್ದ ದೌರ್ಜನ್ಯವನ್ನು ಪ್ರತಿಭಟಿಸಿ ಕೆಲಸ ಮಾಡಲು ನಿರಾಕರಿಸಿದರು. ದಂಗೆ ಸೋಲನ್ನಿಗೂ ಹಬ್ಬಿತು. ಅಲ್ಲಿ ಮುಂದಾಳತ್ವ ವಹಿಸಿದ್ದ ಜೇಮ್ಸ್ ಡ್ಯಾಲಿಯನ್ನು ನವೆಂಬರ್ 2ರಂದು ದಗ್‌ಶಾಯಿ ಸೆರೆಮನೆಯಲ್ಲಿ ಗುಂಡಿಟ್ಟು ಕೊಂದರು. 1922ರಲ್ಲಿ ಐರ್ಲೆಂಡಿನ ಬಹುಭಾಗ ಪ್ರತ್ಯೇಕ ರಾಜ್ಯವಾಯಿತು. ಉತ್ತರದ ಆರು ಜಿಲ್ಲೆಗಳು ಯುನೈಟೆಡ್ ಕಿಂಗ್‌ಡಮ್ಮಿನಲ್ಲಿಯೇ ಉಳಿದವು. ಆ ವಿಭಜನೆಯ ಹಿಂಸೆಗೆ ಒಂದು ನೆಲೆ ಸಿಕ್ಕಿದ್ದು 1998ರ ಒಪ್ಪಂದದಿಂದ.

ಒಂದು ವ್ಯಾಪಾರದ ಕಂಪನಿ ದೇಶವನ್ನು ಆಳುವಂತಾದದ್ದು ಹೇಗೆ?

1600ರ ಡಿಸೆಂಬರ್ 31ರಂದು ಎಲಿಜಬೆತ್ ರಾಣಿಯ ಸನ್ನದು ಪಡೆದ ಈಸ್ಟ್ ಇಂಡಿಯಾ ಕಂಪನಿಗೆ ಆರಂಭದಲ್ಲಿ ಮೆಣಸು ಮತ್ತು ಬಟ್ಟೆಯ ವ್ಯಾಪಾರವೇ ಮುಖ್ಯವಾಗಿತ್ತು. 1757ರ ಪ್ಲಾಸಿ ಮತ್ತು 1764ರ ಬಕ್ಸಾರ್ ಕಾಳಗಗಳ ಬಳಿಕ, 1765ರಲ್ಲಿ ಮೊಘಲ್ ಬಾದಶಹ ಎರಡನೆಯ ಶಾ ಆಲಂ ಬಂಗಾಳದ ದಿವಾನಿಯನ್ನು, ಎಂದರೆ ಕಂದಾಯ ವಸೂಲಿಯ ಹಕ್ಕನ್ನು, ಅದಕ್ಕೆ ಕೊಟ್ಟನು. ಅಲ್ಲಿಂದ ಮುಂದೆ ಭಾರತದ ರೈತರಿಂದ ಎತ್ತಿದ ಕಂದಾಯದಿಂದಲೇ ಭಾರತದ ಸರಕನ್ನು ಕೊಂಡು ಲಂಡನ್ನಿಗೆ ಸಾಗಿಸುವುದು ಸಾಧ್ಯವಾಯಿತು. ಸೈನ್ಯದ ಖರ್ಚೂ ಆ ಕಂದಾಯದಿಂದಲೇ ನಡೆಯಿತು.

ಐದು ವರ್ಷದೊಳಗೆ ಬಂಗಾಳದಲ್ಲಿ ಮಹಾ ಕ್ಷಾಮ ಬಂದಿತು. ಮೂರನೇ ಒಂದು ಪಾಲು ಜನ ಸತ್ತರೆಂದು ಗವರ್ನರ್ ವಾರನ್ ಹೇಸ್ಟಿಂಗ್ಸನೇ ಅಂದಾಜು ಮಾಡಿದನು. 1772ರಲ್ಲಿ ಸಾಲದಲ್ಲಿ ಸಿಲುಕಿದ ಕಂಪನಿ ಸರ್ಕಾರದ ಮುಂದೆ ಕೈಚಾಚಿತು. ಅದನ್ನು ಉಳಿಸಲು, ಗೋದಾಮಿನಲ್ಲಿ ಕೊಳೆಯುತ್ತಿದ್ದ ಚಹಾವನ್ನು ಅಮೆರಿಕದಲ್ಲಿ ಅಗ್ಗದ ಬೆಲೆಗೆ ಮಾರಲು 1773ರ ಶಾಸನ ಅವಕಾಶ ಕೊಟ್ಟಿತು. ಅದೇ ವರ್ಷ ಡಿಸೆಂಬರಿನಲ್ಲಿ ಬಾಸ್ಟನ್ನಿನ ಜನ ಸಮುದ್ರಕ್ಕೆ ಎಸೆದದ್ದು ಆ ಚಹಾ ಪೆಟ್ಟಿಗೆಗಳನ್ನೇ.

ಅಮೆರಿಕ ಕೈತಪ್ಪಿದ್ದರಿಂದ ಬ್ರಿಟಿಷರು ಭಾರತದ ಕಡೆ ತಿರುಗಿದರು ಎಂಬುದು ನಿಜವೇ?

ಪೂರ್ತಿ ನಿಜವಲ್ಲ, ಏಕೆಂದರೆ ಬಂಗಾಳ ಅಷ್ಟರೊಳಗೆ ಅವರ ಕೈಯಲ್ಲಿತ್ತು. ಆದರೆ ಎರಡರ ನಡುವಿನ ನಂಟು ಎಷ್ಟು ಹತ್ತಿರದ್ದೆಂಬುದಕ್ಕೆ ಲಾರ್ಡ್ ಕಾರ್ನ್‌ವಾಲಿಸನ ಬದುಕನ್ನು ನೋಡಬಹುದು. 1781ರ ಅಕ್ಟೋಬರಿನಲ್ಲಿ ಅಮೆರಿಕದ ಯಾರ್ಕ್‌ಟೌನಿನಲ್ಲಿ ಸೋತು ಶರಣಾದ ಸೈನ್ಯ ಅವನದು. ಐದೇ ವರ್ಷಗಳಲ್ಲಿ ಅವನು ಗವರ್ನರ್ ಜನರಲ್ ಆಗಿ ಕಲ್ಕತ್ತೆಗೆ ಬಂದನು. 1791ರ ಮಾರ್ಚಿನಲ್ಲಿ ಬೆಂಗಳೂರು ಕೋಟೆಯನ್ನು ಹಿಡಿದನು. ಮರುವರ್ಷ ಶ್ರೀರಂಗಪಟ್ಟಣದ ಒಪ್ಪಂದದಲ್ಲಿ ಟಿಪ್ಪು ಸುಲ್ತಾನನಿಂದ ಅರ್ಧ ರಾಜ್ಯ, 3 ಕೋಟಿ 30 ಲಕ್ಷ ರೂಪಾಯಿ ಮತ್ತು ಒತ್ತೆಯಾಳುಗಳಾಗಿ ಇಬ್ಬರು ಮಕ್ಕಳನ್ನು ಪಡೆದನು. 1793ರಲ್ಲಿ ಬಂಗಾಳದಲ್ಲಿ ಜಮೀನುದಾರಿ ಪದ್ಧತಿಯನ್ನು ಕಾಯಂ ಮಾಡಿದನು. 1798ರಲ್ಲಿ ಐರ್ಲೆಂಡಿಗೆ ರಾಜಪ್ರತಿನಿಧಿಯಾಗಿ ಹೋಗಿ ಅಲ್ಲಿನ ದಂಗೆಯನ್ನು ಅಡಗಿಸಿ 1801ರ ಒಕ್ಕೂಟಕ್ಕೆ ಹಾದಿ ಮಾಡಿದನು. ಕೊನೆಗೆ ಮತ್ತೆ ಭಾರತಕ್ಕೆ ಬಂದು 1805ರಲ್ಲಿ ಗಾಜಿಪುರದಲ್ಲಿ ಸತ್ತನು. ಅಮೆರಿಕ, ಮೈಸೂರು, ಬಂಗಾಳ, ಐರ್ಲೆಂಡ್ ಎಂದು ನಾವು ಬೇರೆ ಬೇರೆ ಅಧ್ಯಾಯಗಳಲ್ಲಿ ಓದುವುದೆಲ್ಲ ಅವನಿಗೆ ಒಂದೇ ನೌಕರಿಯ ಬೇರೆ ಬೇರೆ ವರ್ಗಾವಣೆಗಳಾಗಿದ್ದವು.

ಕನ್ನಡ ನಾಡಿಗೆ ಬಂದ ಬ್ರಿಟಿಷ್ ಅಧಿಕಾರಿಗಳು ಯಾವ ಮೂಲದವರು?

ಹೆಸರಾದವರಲ್ಲಿ ಹಲವರು ಇಂಗ್ಲೆಂಡಿನವರಲ್ಲ. 1799ರ ಮೇ 4ರಂದು ಶ್ರೀರಂಗಪಟ್ಟಣದ ಮೇಲಿನ ಕೊನೆಯ ದಾಳಿಯನ್ನು ನಡೆಸಿದ ಡೇವಿಡ್ ಬೇರ್ಡ್ ಸ್ಕಾಟ್ಲೆಂಡಿನವನು. 1780ರ ಪೊಳ್ಳಿಲೂರು ಕಾಳಗದಲ್ಲಿ ಸೆರೆಸಿಕ್ಕಿ ಅದೇ ಕೋಟೆಯೊಳಗೆ ವರ್ಷಗಟ್ಟಲೆ ಬಂದಿಯಾಗಿದ್ದವನು. ಕೋಟೆ ಬಿದ್ದ ಮೇಲೆ ಅದರ ಆಡಳಿತ ಸಿಕ್ಕಿದ್ದು ಮಾತ್ರ ಗವರ್ನರ್ ಜನರಲನ ತಮ್ಮನಾದ, ಡಬ್ಲಿನ್ನಿನಲ್ಲಿ ಹುಟ್ಟಿದ, ಆರ್ಥರ್ ವೆಲ್ಲೆಸ್ಲಿಗೆ. ಮೈಸೂರು ಸೀಮೆಯನ್ನು ಅಳೆದು ನಕ್ಷೆ ಬರೆಸಿದ, ಶಾಸನಗಳನ್ನೂ ಕೈಫಿಯತ್ತುಗಳನ್ನೂ, ಎಂದರೆ ಊರುಗಳ ಚರಿತ್ರೆಯ ದಾಖಲೆಗಳನ್ನೂ, ಸಂಗ್ರಹಿಸಿದ ಕಾಲಿನ್ ಮೆಕೆಂಜಿ ಸ್ಕಾಟ್ಲೆಂಡಿನ ಲೂಯಿಸ್ ದ್ವೀಪದವನು. ಬಳ್ಳಾರಿ ಸೀಮೆಯಲ್ಲಿ ರೈತರಿಂದಲೇ ನೇರವಾಗಿ ಕಂದಾಯ ಪಡೆಯುವ ರೈತವಾರಿ ಪದ್ಧತಿಯನ್ನು ನೆಲೆಗೊಳಿಸಿದ ಥಾಮಸ್ ಮನ್ರೋ ಗ್ಲಾಸ್ಗೋ ನಗರದವನು. 1834ರಿಂದ 1861ರವರೆಗೆ ಮೈಸೂರಿನ ಕಮಿಷನರಾಗಿದ್ದ ಮಾರ್ಕ್ ಕಬ್ಬನ್ ಮ್ಯಾನ್ ದ್ವೀಪದವನು, ಎಂದರೆ ಯುನೈಟೆಡ್ ಕಿಂಗ್‌ಡಮ್ಮಿನ ಭಾಗವೇ ಅಲ್ಲದ ನಾಡಿನವನು.

ಈ ಹೆಣಿಗೆಯನ್ನು ಕೋಲಾರದ ಚಿನ್ನದ ಗಣಿಗಿಂತ ಚೆನ್ನಾಗಿ ತೋರಿಸುವ ಸ್ಥಳ ನಮ್ಮಲ್ಲಿ ಇನ್ನೊಂದಿಲ್ಲ. 1870ರ ದಶಕದಲ್ಲಿ ಅಲ್ಲಿ ಚಿನ್ನ ಹುಡುಕಲು ಮೈಸೂರು ಸರ್ಕಾರದ ಪರವಾನಗಿ ಪಡೆದವನು ಮೈಕೇಲ್ ಲವೆಲ್ ಎಂಬ ಐರಿಷ್ ಮಾಜಿ ಸೈನಿಕ. ಅವನು ನ್ಯೂಜಿಲೆಂಡಿನಲ್ಲಿ ಮಾವೊರಿ ಜನರ ವಿರುದ್ಧದ ಯುದ್ಧದಲ್ಲಿ ಸೇವೆ ಸಲ್ಲಿಸಿ, ನಿವೃತ್ತನಾಗಿ ಬೆಂಗಳೂರು ದಂಡಿನಲ್ಲಿ ನೆಲೆಸಿದ್ದನು. 1880ರಿಂದಾಚೆಗೆ ಲಂಡನ್ನಿನ ಜಾನ್ ಟೇಲರ್ ಅಂಡ್ ಸನ್ಸ್ ಸಂಸ್ಥೆ ಗಣಿಗಳ ಆಡಳಿತ ವಹಿಸಿಕೊಂಡಿತು. ಕಲ್ಲಿನೊಳಗಿನ ಕೆಲಸಕ್ಕೆ ಮೇಸ್ತ್ರಿಗಳಾಗಿ ಬಂದವರು ಇಂಗ್ಲೆಂಡಿನ ನೈರುತ್ಯ ತುದಿಯ ಕಾರ್ನ್‌ವಾಲಿನವರು. ಅಲ್ಲಿನ ತವರ ಮತ್ತು ತಾಮ್ರದ ಗಣಿಗಳು ಮುಚ್ಚುತ್ತಿದ್ದುದರಿಂದ ಅವರು ಕೆಲಸ ಹುಡುಕಿಕೊಂಡು ಜಗತ್ತಿನ ಉದ್ದಗಲಕ್ಕೂ ಚದುರಿದ್ದರು. ಆಳದಲ್ಲಿ ಬಂಡೆ ಒಡೆದವರು ಹೆಚ್ಚಾಗಿ ತಮಿಳು ಮತ್ತು ತೆಲುಗು ಸೀಮೆಗಳ ದಲಿತ ಕುಟುಂಬಗಳವರು. ಮೇಸ್ತ್ರಿಗೆ ಬಂಗಲೆ, ಕೂಲಿಗೆ ಬಿದಿರು ತಟ್ಟಿಯ ಗುಡಿಸಲು. 1902ರಲ್ಲಿ ಶಿವನಸಮುದ್ರದಿಂದ ವಿದ್ಯುತ್ ಬಂದದ್ದು ಮೊದಲು ಈ ಗಣಿಗಳಿಗೆ. 1930ರಲ್ಲಿ ಎಲ್ಲ ಕಾರ್ಮಿಕರ ಬೆರಳಚ್ಚು ತೆಗೆಯುವ ಕ್ರಮದ ವಿರುದ್ಧ ದೊಡ್ಡ ಮುಷ್ಕರ ನಡೆಯಿತು. ಕಳ್ಳರಲ್ಲದವರನ್ನು ಕಳ್ಳರಂತೆ ನೋಡಿದ್ದಕ್ಕೆ ಆ ಜನ ಕೊಟ್ಟ ಉತ್ತರವನ್ನು ನಮ್ಮ ಸ್ವಾತಂತ್ರ್ಯ ಹೋರಾಟದ ಚರಿತ್ರೆಯಲ್ಲಿ ಇನ್ನೂ ಹೆಚ್ಚು ಗೌರವದಿಂದ ನೆನೆಯಬೇಕು.

ಗುಲಾಮರ ವ್ಯಾಪಾರವನ್ನು ನಿಲ್ಲಿಸಿದವರು ಬ್ರಿಟಿಷರೇ ಅಲ್ಲವೇ?

1807ರಲ್ಲಿ ವ್ಯಾಪಾರವನ್ನು ನಿಷೇಧಿಸಿದ್ದು ನಿಜ. ಅದಕ್ಕೆ ಮೊದಲು ಬ್ರಿಟಿಷ್ ಹಡಗುಗಳು ಸುಮಾರು 31 ಲಕ್ಷ ಆಫ್ರಿಕನ್ನರನ್ನು ಅಟ್ಲಾಂಟಿಕ್ ಸಾಗರದ ಮೇಲೆ ಸಾಗಿಸಿದ್ದೂ ಅಷ್ಟೇ ನಿಜ. ಸುಮಾರು 4 ಲಕ್ಷ ಮಂದಿ ದಾರಿಯಲ್ಲಿಯೇ ಸತ್ತರು. 1781ರಲ್ಲಿ ಲಿವರ್‌ಪೂಲ್ ವರ್ತಕರ ಜಾಂಗ್ ಎಂಬ ಹಡಗಿನವರು 130ಕ್ಕೂ ಹೆಚ್ಚು ಆಫ್ರಿಕನ್ನರನ್ನು ಜೀವಂತವಾಗಿ ಸಮುದ್ರಕ್ಕೆ ಎಸೆದರು. ಬಳಿಕ ಹಡಗಿನ ಮಾಲೀಕರು ನಷ್ಟವಾದ ಸರಕೆಂದು ಹೇಳಿ ವಿಮೆಯ ಹಣ ಕೇಳಿದರು. ಲಂಡನ್ನಿನಲ್ಲಿ ನಡೆದ ಮೊಕದ್ದಮೆ ಕೊಲೆಯದಾಗಿರಲಿಲ್ಲ, ವಿಮೆಯದಾಗಿತ್ತು.

ನಿಷೇಧಕ್ಕಾಗಿ ದುಡಿದ ಬ್ರಿಟಿಷ್ ಸಾಮಾನ್ಯರನ್ನು, ಗುಲಾಮರು ಬೆಳೆದ ಸಕ್ಕರೆಯನ್ನು ಮನೆಗೆ ತರುವುದಿಲ್ಲವೆಂದ ಹೆಂಗಸರನ್ನು, ಮನಸಾರೆ ಗೌರವಿಸಬೇಕು. ಆದರೆ ಗುಲಾಮರೇ ಎದ್ದು ನಿಂತದ್ದನ್ನು ಬಿಟ್ಟು ಈ ಕಥೆ ಹೇಳಬಾರದು. 1831ರ ಕ್ರಿಸ್‌ಮಸ್ ಹೊತ್ತಿಗೆ ಜಮೈಕಾದಲ್ಲಿ ಸ್ಯಾಮ್ಯುಯೆಲ್ ಶಾರ್ಪ್ ಮುಂದಾಳತ್ವದಲ್ಲಿ ಭಾರಿ ದಂಗೆಯಾಯಿತು. ಅವನನ್ನು ಗಲ್ಲಿಗೇರಿಸಿದ ಮರುವರ್ಷ, 1833ರಲ್ಲಿ, ಗುಲಾಮಗಿರಿಯನ್ನೇ ರದ್ದುಪಡಿಸುವ ಶಾಸನ ಬಂದಿತು. ಪರಿಹಾರವಾಗಿ 2 ಕೋಟಿ ಪೌಂಡು ಕೊಟ್ಟದ್ದು ಮಾಲೀಕರಿಗೆ. ಬಿಡುಗಡೆಯಾದವರಿಗೆ ಒಂದು ಕಾಸೂ ಇಲ್ಲ. ಆ ಸಾಲದ ಕೊನೆಯ ಭಾಗವನ್ನು ಬ್ರಿಟಿಷ್ ಖಜಾನೆ ತೀರಿಸಿದ್ದು 2015ರಲ್ಲಿ. ಕಬ್ಬಿನ ತೋಟಗಳಿಗೆ ಮತ್ತೆ ಆಳುಗಳು ಬೇಕಾದಾಗ 1834ರಿಂದ ಕರಾರಿನ ಮೇಲೆ ಭಾರತೀಯರನ್ನು ಮಾರಿಷಸ್ಸಿಗೂ, ಮುಂದೆ ಗಯಾನಾ, ಟ್ರಿನಿಡಾಡ್, ನಟಾಲ್ ಮತ್ತು ಫಿಜಿಗೂ ಸಾಗಿಸಲಾಯಿತು.

ಸಾಮ್ರಾಜ್ಯದಿಂದ ಬ್ರಿಟನ್ನಿನ ಸಾಮಾನ್ಯ ಜನರಿಗೆ ಲಾಭವಾಯಿತೇ?

ಅಗ್ಗದ ಚಹಾ, ಸಕ್ಕರೆ, ಹತ್ತಿ ಬಟ್ಟೆ ಮತ್ತು ಕಾರ್ಖಾನೆಯ ಕೆಲಸ ಸಿಕ್ಕವು. ಆದರೆ ಆಳುವ ಹಕ್ಕು ಬಹುಕಾಲ ಸಿಗಲಿಲ್ಲ. ಭಾರತವನ್ನು ಆಳುತ್ತಿದ್ದ ಪಾರ್ಲಿಮೆಂಟಿಗೆ ಮತ ಹಾಕುವ ಹಕ್ಕು ಎಲ್ಲ ಗಂಡಸರಿಗೂ ಬಂದದ್ದು 1918ರಲ್ಲಿ. ಗಂಡಸರ ಸರಿಸಮವಾಗಿ ಹೆಂಗಸರಿಗೆ ಬಂದದ್ದು 1928ರಲ್ಲಿ. ಹತ್ತು ವರ್ಷಕ್ಕಿಂತ ಚಿಕ್ಕ ಗಂಡುಮಕ್ಕಳನ್ನು ಕಲ್ಲಿದ್ದಲು ಗಣಿಯೊಳಗೆ ಇಳಿಸಬಾರದೆಂಬ ಕಾನೂನು 1842ರವರೆಗೆ ಇರಲಿಲ್ಲ.

ಅವರ ಬದುಕೂ ನಮ್ಮ ಬದುಕೂ ಒಂದೇ ನೂಲಿಗೆ ಕಟ್ಟುಬಿದ್ದಿದ್ದವು. 1861ರಲ್ಲಿ ಅಮೆರಿಕದ ಅಂತರ್ಯುದ್ಧದಿಂದ ಹತ್ತಿ ಬರುವುದು ನಿಂತಾಗ ಲ್ಯಾಂಕಾಷೈರಿನ ಗಿರಣಿಗಳು ಮುಚ್ಚಿ ಕಾರ್ಮಿಕರು ಗಂಜಿ ಕೇಂದ್ರಗಳ ಮುಂದೆ ನಿಂತರು. ಅದೇ ಹೊತ್ತಿಗೆ ಧಾರವಾಡ ಸೀಮೆಯಲ್ಲಿ ಹತ್ತಿಯ ಬೆಲೆ ಗಗನಕ್ಕೇರಿತು. 1865ರಲ್ಲಿ ಯುದ್ಧ ಮುಗಿಯುತ್ತಿದ್ದಂತೆ ಬೆಲೆ ಬಿದ್ದು, ಏರಿದ ಬೆಲೆಯನ್ನು ನಂಬಿ ಸಾಲ ಮಾಡಿದ್ದವರು ಇಕ್ಕಟ್ಟಿಗೆ ಸಿಕ್ಕಿಕೊಂಡರು.

ರೈಲು, ಅಂಚೆ, ಇಂಗ್ಲಿಷ್ ಶಿಕ್ಷಣ ಕೊಟ್ಟರಲ್ಲ, ಅದು ಉಪಕಾರವಲ್ಲವೇ?

ಇವುಗಳಿಂದ ನಮಗೆ ಪ್ರಯೋಜನವಾಗಿದೆ. ಆದರೆ ಉಪಕಾರವೆನ್ನಬೇಕಾದರೆ ಕೊಟ್ಟವನು ತನ್ನ ಕೈಯಿಂದ ಕೊಟ್ಟಿರಬೇಕು. ಆರಂಭದ ರೈಲು ಕಂಪನಿಗಳ ಬ್ರಿಟಿಷ್ ಹೂಡಿಕೆದಾರರಿಗೆ ಲಾಭ ಬರಲಿ ಬಿಡಲಿ ಶೇಕಡ 5ರಷ್ಟು ಪ್ರತಿಫಲದ ಖಾತರಿಯಿತ್ತು. ಕೊರತೆಯನ್ನು ತುಂಬಿದ್ದು ಭಾರತದ ಕಂದಾಯ. 1876ರ ಕ್ಷಾಮದಲ್ಲಿ ಇದೇ ರೈಲುಗಳು ಧಾನ್ಯವನ್ನು ಹಸಿದ ಊರುಗಳಿಗೆ ತಂದದ್ದೂ ಉಂಟು, ಹೆಚ್ಚಿನ ಬೆಲೆ ಸಿಗುವ ಕಡೆಗೆ ಹೊತ್ತೊಯ್ದದ್ದೂ ಉಂಟು.

ಇಷ್ಟು ದೊಡ್ಡ ಸಾಮ್ರಾಜ್ಯ ಅಷ್ಟು ಬೇಗ ಕುಸಿದದ್ದೇಕೆ?

ಮೊದಲ ಮಹಾಯುದ್ಧದ ಬಳಿಕ ಅದು ಅತಿ ದೊಡ್ಡದಾಗಿತ್ತು; ಜಗತ್ತಿನ ನೆಲ ಮತ್ತು ಜನರಲ್ಲಿ ಸುಮಾರು ಕಾಲುಭಾಗ ಅದರ ಅಡಿಯಲ್ಲಿತ್ತು. ಆ ಯುದ್ಧದಲ್ಲಿ 10 ಲಕ್ಷಕ್ಕೂ ಹೆಚ್ಚು ಭಾರತೀಯರು ಹೊರದೇಶಗಳಲ್ಲಿ ಸೇವೆ ಸಲ್ಲಿಸಿದ್ದರು. 1918ರ ಸೆಪ್ಟೆಂಬರ್ 23ರಂದು ಇಂದಿನ ಇಸ್ರೇಲಿನ ಹೈಫಾ ಪಟ್ಟಣವನ್ನು ಹಿಡಿದವರಲ್ಲಿ ಮೈಸೂರು ಲ್ಯಾನ್ಸರ್ಸ್ ಪಡೆಯೂ ಇತ್ತು. ಪ್ರತಿಫಲವಾಗಿ ಸ್ವರಾಜ್ಯ ಸಿಗಬಹುದೆಂಬ ನಿರೀಕ್ಷೆಗೆ 1919ರಲ್ಲಿ ಅಮೃತಸರದಲ್ಲಿ ಗುಂಡಿನ ಉತ್ತರ ಸಿಕ್ಕಿತು. ಎರಡನೆಯ ಮಹಾಯುದ್ಧ ಮುಗಿದಾಗ ಬ್ರಿಟನ್ ದಿವಾಳಿಯ ಅಂಚಿನಲ್ಲಿತ್ತು. ಭಾರತಕ್ಕೇ ಅದು ಸುಮಾರು 130 ಕೋಟಿ ಪೌಂಡು ಕೊಡಬೇಕಾಗಿತ್ತು. ಆದರೆ ಖಜಾನೆ ಬರಿದಾದದ್ದೊಂದೇ ಕಾರಣವೆಂದರೆ ಹೋರಾಡಿದವರಿಗೆ ಅನ್ಯಾಯವಾಗುತ್ತದೆ. 1942ರ ಚಳವಳಿ ಮತ್ತು 1946ರ ನೌಕಾಪಡೆಯ ದಂಗೆಯ ಬಳಿಕ ಯಾರ ಬಲದಿಂದ ಆಳುವುದು ಎಂಬ ಪ್ರಶ್ನೆಗೆ ಅವರಲ್ಲಿ ಉತ್ತರವಿರಲಿಲ್ಲ.

ಎಲ್ಲ ಕಡೆಯೂ ಅವರು ಶಾಂತವಾಗಿ ಹೊರಟರೆಂಬುದು ಸುಳ್ಳು. ಕೀನ್ಯಾದಲ್ಲಿ 1950ರ ದಶಕದಲ್ಲಿ ಭೂಮಿ ಕಳೆದುಕೊಂಡ ಕಿಕುಯು ಜನರ ಮಾವ್ ಮಾವ್ ದಂಗೆಯನ್ನು ಶಿಬಿರ ಮತ್ತು ಚಿತ್ರಹಿಂಸೆಗಳಿಂದ ಹತ್ತಿಕ್ಕಲಾಯಿತು. 1959ರಲ್ಲಿ ಹೋಲಾ ಶಿಬಿರದಲ್ಲಿ 11 ಬಂದಿಗಳನ್ನು ಹೊಡೆದು ಕೊಂದರು. ಹೊರಡುವ ಮುನ್ನ ಹಲವು ವಸಾಹತುಗಳ ಕಡತಗಳನ್ನು ಸುಟ್ಟರು ಅಥವಾ ಗುಟ್ಟಾಗಿ ಲಂಡನ್ನಿಗೆ ಸಾಗಿಸಿದರು. ಬಚ್ಚಿಟ್ಟ ಕಡತಗಳು ಹೊರಬಂದ ಮೇಲೆ, 2013ರಲ್ಲಿ, ಬ್ರಿಟಿಷ್ ಸರ್ಕಾರ 5,228 ಕೀನ್ಯನ್ನರಿಗೆ ಪರಿಹಾರ ಕೊಡಲು ಒಪ್ಪಿ ವಿಷಾದ ಸೂಚಿಸಿತು.

ವಸಾಹತುಗಳಿಂದ ಬ್ರಿಟನ್ನಿಗೆ ಹೋದವರು ಬ್ರಿಟಿಷರೇ?

1948ರ ಪೌರತ್ವ ಶಾಸನದ ಪ್ರಕಾರ ವಸಾಹತುಗಳ ಜನರೆಲ್ಲರೂ ಅಲ್ಲಿಗೆ ಹೋಗಿ ನೆಲೆಸುವ ಹಕ್ಕುಳ್ಳವರಾಗಿದ್ದರು. ಅದೇ ವರ್ಷ ಜೂನ್ ತಿಂಗಳಲ್ಲಿ ವಿಂಡ್ರಷ್ ಹಡಗಿನಲ್ಲಿ ಕೆರಿಬಿಯನ್ ದ್ವೀಪಗಳಿಂದ ಬಂದವರು ಬಸ್ಸು, ರೈಲು ಮತ್ತು ಆಸ್ಪತ್ರೆಗಳಲ್ಲಿ ದುಡಿದು ಯುದ್ಧದಲ್ಲಿ ಜರ್ಜರಿತವಾದ ನಾಡನ್ನು ಎತ್ತಿ ನಿಲ್ಲಿಸಿದರು. 1962ರಿಂದ ಆ ಬಾಗಿಲು ಮುಚ್ಚುತ್ತ ಬಂದಿತು. ಮಕ್ಕಳಾಗಿ ಹೋಗಿ ಅಲ್ಲಿಯೇ ಮುಪ್ಪಾದವರಲ್ಲಿ ಕೆಲವರನ್ನು ದಾಖಲೆ ಇಲ್ಲವೆಂದು ಹೊರಹಾಕಿದ ಸಂಗತಿ 2018ರಲ್ಲಿ ಬೆಳಕಿಗೆ ಬಂದಿತು. ನಮ್ಮ ನಾಡಿನ ವೈದ್ಯರೂ ಅಲ್ಲಿನ ಸರ್ಕಾರಿ ಆಸ್ಪತ್ರೆಗಳಲ್ಲಿ ದಶಕಗಳಿಂದ ದುಡಿದಿದ್ದಾರೆ. ಥೇಮ್ಸ್ ನದಿಯ ದಡದಲ್ಲಿ 2015ರಿಂದ ಬಸವಣ್ಣನವರ ಪ್ರತಿಮೆಯೂ ಇದೆ.

ಸಾಮ್ರಾಜ್ಯ ಈಗ ಪೂರ್ತಿಯಾಗಿ ಮುಗಿದಿದೆಯೇ?

ಹೆಚ್ಚುಕಡಿಮೆ. ಬರ್ಮುಡಾ, ಜಿಬ್ರಾಲ್ಟರ್, ಫಾಕ್‌ಲೆಂಡ್ ಮುಂತಾದ 14 ಹೊರನಾಡುಗಳು ಅದರ ಲೆಕ್ಕದಲ್ಲಿ ಉಳಿದಿವೆ. ಇವುಗಳಲ್ಲಿ ಹಿಂದೂ ಮಹಾಸಾಗರದ ಚಾಗೋಸ್ ದ್ವೀಪಗಳ ಕಥೆ ಇನ್ನೂ ಹಸಿಯಾಗಿದೆ. ಡಿಯಾಗೊ ಗಾರ್ಸಿಯಾದಲ್ಲಿ ಅಮೆರಿಕದ ಸೇನಾನೆಲೆ ಕಟ್ಟಲು 1968 ಮತ್ತು 1973ರ ನಡುವೆ ಅಲ್ಲಿನ ಜನರನ್ನೆಲ್ಲ ಹೊರಗಟ್ಟಲಾಯಿತು. 2019ರಲ್ಲಿ ಅಂತಾರಾಷ್ಟ್ರೀಯ ನ್ಯಾಯಾಲಯ ಆ ದ್ವೀಪಗಳ ಆಡಳಿತವನ್ನು ಬ್ರಿಟನ್ ಬಿಟ್ಟುಕೊಡಬೇಕೆಂದು ಅಭಿಪ್ರಾಯ ನೀಡಿತು. 2025ರ ಮೇ ತಿಂಗಳಲ್ಲಿ ಅವನ್ನು ಮಾರಿಷಸ್ಸಿಗೆ ಒಪ್ಪಿಸುವ, ಸೇನಾನೆಲೆಯನ್ನು ಮಾತ್ರ 99 ವರ್ಷ ಗುತ್ತಿಗೆಗೆ ಉಳಿಸಿಕೊಳ್ಳುವ ಒಪ್ಪಂದಕ್ಕೆ ಸಹಿಯಾಯಿತು. ಒಪ್ಪಂದದ ಮಾತುಕತೆಯಲ್ಲಿ ತಮಗೆ ಜಾಗವೇ ಇರಲಿಲ್ಲವೆಂದು ಹೊರಗಟ್ಟಲ್ಪಟ್ಟ ಚಾಗೋಸಿಯನ್ನರಲ್ಲಿ ಅನೇಕರು ಈಗಲೂ ಪ್ರತಿಭಟಿಸುತ್ತಿದ್ದಾರೆ.